ಕಾಫಿ ಬೀಜಕ್ಕೆ ಹುಟ್ಟಿದ ನೆಲದ ಲೆಕ್ಕ



ಕಾಫಿ ಕುಯ್ಲು ಮುಗಿಸಿ ಮೂಟೆ ಮಾರುವುದಕ್ಕೆ ಹೋದವರಿಗೆ ಈಚಿನ ವರ್ಷಗಳಲ್ಲಿ ಒಂದು ಹೊಸ ಪ್ರಶ್ನೆ ಎದುರಾಗುತ್ತಿದೆ. ಹಿಂದೆ ವ್ಯಾಪಾರಿ ಕೇಳುತ್ತಿದ್ದುದು ತೇವ ಎಷ್ಟಿದೆ, ಔಟ್‌ಟರ್ನ್ ಎಷ್ಟು ಬರುತ್ತೆ, ಕಪ್ಪು ಬೀಜ ಎಷ್ಟಿದೆ, ಇಷ್ಟೇ. ಈಗ “ನಿಮ್ಮ ತೋಟ ಎಲ್ಲಿದೆ? ಫೋನಿನಲ್ಲಿ ಪಾಯಿಂಟ್ ಹಾಕಿಸಿದ್ದೀರಾ?” ಅಂತಲೂ ಕೇಳುತ್ತಾರೆ. ಕೆಲವರು ಹಾಕಿಸಿದ್ದಾರೆ. ಕೆಲವರು “ಇದೇನೋ ತೆರಿಗೆಗೆ ದಾರಿ, ಜಮೀನಿಗೆ ಕಂಟಕ” ಅಂದುಕೊಂಡು ಹಿಂದೆ ಸರಿದಿದ್ದಾರೆ. ಇನ್ನು ಕೆಲವರು ಪಕ್ಕದ ಮನೆಯವರ ಹೆಸರಿನಲ್ಲಿ ಮೂಟೆ ಹಾಕಿಸಿ, ಕೆಲಸ ಮುಗಿಯಿತು ಅಂತ ಮನೆಗೆ ಬಂದಿದ್ದಾರೆ. ಈ ಮೂರನೆಯ ದಾರಿ ಬಹಳ ಸುಲಭವಾಗಿ ಕಾಣುತ್ತದೆ. ಆದರೆ ಊರಿಗೆ ಊರೇ ತೊಂದರೆಗೆ ಸಿಕ್ಕುವುದು ಇದರಿಂದಲೇ. ಅದು ಹೇಗೆ ಎಂಬುದನ್ನು ಈ ಹೊತ್ತು ಸ್ವಲ್ಪ ಬಿಡಿಸಿ ಹೇಳುತ್ತೇನೆ.

ಮೊದಲು, ಈ ಪ್ರಶ್ನೆ ಎಲ್ಲಿಂದ ಬಂತು? ನಮ್ಮ ದೇಶದ ಕಾಫಿಯಲ್ಲಿ ನೂರಕ್ಕೆ ಸುಮಾರು 70 ಪಾಲು ಕರ್ನಾಟಕದ್ದು. ಕೊಡಗು, ಚಿಕ್ಕಮಗಳೂರು, ಹಾಸನ, ಈ ಮೂರು ಜಿಲ್ಲೆಗಳದ್ದು. ದೇಶದಲ್ಲಿ ಬೆಳೆದ ಕಾಫಿಯ ಹೆಚ್ಚಿನ ಪಾಲು ಹೊರದೇಶಕ್ಕೆ ಹೋಗುತ್ತದೆ. ಕೊಳ್ಳುವವರಲ್ಲಿ ಯೂರೋಪಿನವರೇ ಮುಂದು, ಅವರಲ್ಲಿ ಇಟಲಿ ದೇಶ ನಮ್ಮ ದೊಡ್ಡ ಗಿರಾಕಿ. ಆ ಯೂರೋಪಿಯನ್ ಒಕ್ಕೂಟ 2023ರಲ್ಲಿ ಒಂದು ಕಾನೂನು ಮಾಡಿತು. ದನ, ಕೋಕೋ, ಕಾಫಿ, ತಾಳೆ ಎಣ್ಣೆ, ರಬ್ಬರ್, ಸೋಯಾ, ಮರ, ಈ ಏಳು ಸರಕುಗಳೂ ಇವುಗಳಿಂದ ಮಾಡಿದ ಅನೇಕ ಪದಾರ್ಥಗಳೂ ಆ ಕಾನೂನಿಗೆ ಒಳಪಡುತ್ತವೆ. 2020ನೇ ಇಸವಿ ಡಿಸೆಂಬರ್ 31ರ ನಂತರ ಕಾಡು ಕಡಿದು ಸಾಗುವಳಿ ಮಾಡಿದ ನೆಲದಲ್ಲಿ ಬೆಳೆದ ಸರಕು ಅಲ್ಲಿ ಮಾರುವಂತಿಲ್ಲ. ಜೊತೆಗೆ, ಬೆಳೆದ ದೇಶದ ಕಾನೂನಿಗೆ ಅನುಸಾರವಾಗಿಯೇ ಬೆಳೆದಿರಬೇಕು. ಭೂಮಿಯ ಹಕ್ಕು, ಕೂಲಿಯವರ ಹಕ್ಕು ಎಲ್ಲ ಅದರಲ್ಲಿ ಸೇರಿವೆ.

ಹೀಗೇಕೆ ಮಾಡಿದರು? ವಿಶ್ವಸಂಸ್ಥೆಯ ಆಹಾರ ಮತ್ತು ಕೃಷಿ ಸಂಸ್ಥೆಯ ಅಂದಾಜಿನಂತೆ 1990ರಿಂದ 2020ರವರೆಗಿನ ಮೂವತ್ತು ವರ್ಷಗಳಲ್ಲಿ ಪ್ರಪಂಚದಲ್ಲಿ ನಾಶವಾದ ಕಾಡು 42 ಕೋಟಿ ಹೆಕ್ಟೇರು. ಅಂದರೆ ಸುಮಾರು ಇಪ್ಪತ್ತೆರಡು ಕರ್ನಾಟಕ! ಬಹುಪಾಲು ಹೋದದ್ದು ಬೇಸಾಯಕ್ಕೆ. “ಕಾಡು ಕಡಿದವರು ಯಾರೋ, ಲೆಕ್ಕ ಕೊಡಬೇಕಾದವರು ಮರದ ನೆರಳಲ್ಲಿ ಕಾಫಿ ಬೆಳೆಯುವ ನಾವೋ?” ಅಂತ ಹಿರಿಯ ಬೆಳೆಗಾರರು ಕೇಳುತ್ತಾರೆ. ಆ ಮಾತನ್ನು ತೆಗೆದುಹಾಕುವಂತಿಲ್ಲ. ಆದರೂ ಸಂತೆಯಲ್ಲಿ ಕೊಳ್ಳುವವನು ಕೇಳಿದ ಮೇಲೆ ಉತ್ತರ ಕೊಡದೆ ಸರಕು ಸಾಗುವುದಿಲ್ಲ.

ಈ ಕಾನೂನಿನ ಜಾರಿ ಎರಡು ಸಲ ಮುಂದಕ್ಕೆ ಹೋಗಿದೆ. ಮೊದಲು 2024ರ ಡಿಸೆಂಬರ್ ಅಂದರು, ಬಳಿಕ ಒಂದು ವರ್ಷ ಮುಂದೂಡಿದರು. 2025ರ ಡಿಸೆಂಬರಿನಲ್ಲಿ ಮತ್ತೆ ಮುಂದೂಡಿ, ಅಲ್ಲಿಯ ದೊಡ್ಡ ಮತ್ತು ಮಧ್ಯಮ ಕಂಪನಿಗಳಿಗೆ 2026ರ ಡಿಸೆಂಬರ್ 30, ಸಣ್ಣವರಿಗೆ 2027ರ ಜೂನ್ 30 ಎಂದು ಗೊತ್ತುಮಾಡಿದರು. “ಹೀಗೇ ಮುಂದೆ ಹೋಗುತ್ತೆ ಬಿಡಿ” ಅನ್ನುವವರಿಗೆ ನಾನು ಹೇಳುವುದಿಷ್ಟೆ: ಗಡುವು ಮುಂದೆ ಹೋಗಿದೆ, 2020 ಎಂಬ ಗಡಿ ಮಾತ್ರ ಅಲ್ಲಾಡಿಲ್ಲ.

ಈಗ ಮುಖ್ಯ ವಿಷಯಕ್ಕೆ ಬರೋಣ. ಸಾವಿರಾರು ಮೈಲಿ ಆಚೆ ಕುಳಿತವರು ನಿಮ್ಮ ಮೂಟೆ ಎಲ್ಲಿಂದ ಬಂತು ಅಂತ ಪರೀಕ್ಷೆ ಮಾಡುವುದು ಹೇಗೆ? ಅವರ ಕೈಯಲ್ಲಿರುವುದು ಎರಡು ಸಾಧನ. ಒಂದು ಜಾಗ, ಇನ್ನೊಂದು ತೂಕ.

ಜಾಗದ ವಿಚಾರ ಹೀಗಿದೆ. ತೋಟ 4 ಹೆಕ್ಟೇರಿನ ಒಳಗಿದ್ದರೆ, ಅಂದರೆ ಹತ್ತು ಎಕರೆಗೆ ಚೂರು ಕಡಿಮೆ ಇದ್ದರೆ, ಅದರೊಳಗಿನ ಒಂದು ಬಿಂದು ಸಾಕು. ಅದಕ್ಕಿಂತ ದೊಡ್ಡ ತುಂಡಾದರೆ ಎಲ್ಲೆಯ ಸುತ್ತ ಗುರುತು ಹಾಕಬೇಕು. ಆ ಬಿಂದುವನ್ನು ಅಕ್ಷಾಂಶ, ರೇಖಾಂಶ ಎಂಬ ಎರಡು ಅಂಕಿಗಳಲ್ಲಿ ಬರೆಯುತ್ತಾರೆ. ದಶಾಂಶದ ಮುಂದೆ ಆರು ಸ್ಥಾನ ಇರಬೇಕು. ನಮ್ಮ ಕಾಫಿ ಸೀಮೆಯಲ್ಲಿ ಅಕ್ಷಾಂಶ 12 ಅಥವಾ 13ರಿಂದ ಶುರುವಾಗುತ್ತದೆ, ರೇಖಾಂಶ 75 ಅಥವಾ 76ರಿಂದ. ಬರೆಯುವವರು ಎರಡನ್ನೂ ಅದಲುಬದಲು ಮಾಡಿದರೆ ನಿಮ್ಮ ತೋಟ ಉತ್ತರ ಧ್ರುವದ ಕಡೆಯ ಸಮುದ್ರದಲ್ಲಿ ಹೋಗಿ ಕೂರುತ್ತದೆ! ನಗಬೇಡಿ, ಚೀಟಿ ಕೈಗೆ ಬಂದ ಕೂಡಲೆ ಇದೊಂದನ್ನು ನೋಡಿಕೊಳ್ಳಿ, ಮಕ್ಕಳ ಕೈಲಾದರೂ ಓದಿಸಿ.

ಇನ್ನೊಂದು ಮಾತು. ಬಿಂದು ಹಾಕುವಾಗ ನಿಲ್ಲಬೇಕಾದ್ದು ತೋಟದೊಳಗೆ. ಮನೆಯ ಕಣದಲ್ಲಿ ಕೂತು, ಇಲ್ಲವೇ ಪೇಟೆಯ ಅಂಗಡಿ ಜಗಲಿಯ ಮೇಲೆ ನಿಂತು ಹಾಕಿದರೆ ಅದು ತೋಟದ ಬಿಂದು ಆಗುವುದಿಲ್ಲ. ನಲವತ್ತು ಮನೆಯ ಕಾಫಿ ಒಂದೇ ಅಂಗಡಿಯ ಅಂಗಳದಲ್ಲಿ ಬೆಳೆಯಿತು ಅಂದರೆ ಯಾರು ನಂಬುತ್ತಾರೆ? ದಟ್ಟ ಮರದ ಅಡಿಯಲ್ಲಿ ಫೋನು ಹತ್ತಾರು ಮಾರು ತಪ್ಪು ತೋರಿಸುವುದುಂಟು. ಸ್ವಲ್ಪ ಬಯಲು ಕಂಡ ಕಡೆ ನಿಂತು, ಎರಡು ನಿಮಿಷ ಕಾದು ಹಾಕಿ. ಹೊಳೆಯ ಈಚೆ ಒಂದು ತುಂಡು, ಆಚೆ ಒಂದು ತುಂಡು ಇದ್ದರೆ ಎರಡಕ್ಕೂ ಬೇರೆಬೇರೆ ಬಿಂದು.

ಬಿಂದು ಸಿಕ್ಕಿದ ಮೇಲೆ ಅವರು ಉಪಗ್ರಹದ ಚಿತ್ರ ತೆಗೆದು, 2020ರಲ್ಲಿ ಆ ಜಾಗದಲ್ಲಿ ಏನಿತ್ತು, ಈಗ ಏನಿದೆ ಅಂತ ಹೋಲಿಸಿ ನೋಡುತ್ತಾರೆ. ಬ್ರೆಜಿಲ್ಲಿನಂತೆ ಬಯಲಿನಲ್ಲಿ ಕಾಫಿ ಬೆಳೆಯುವ ಕಡೆ ಇದು ಸುಲಭ. ನಮ್ಮಲ್ಲಿ ಹಾಗಲ್ಲ. ಮೇಲೆ ಹಲಸು, ಅತ್ತಿ, ನಂದಿ, ಬೀಟೆ, ಅದರ ಕೆಳಗೆ ಹಾಲುವಾಣ, ಸಿಲ್ವರ್ ಓಕಿಗೆ ಹಬ್ಬಿದ ಮೆಣಸಿನ ಬಳ್ಳಿ, ಅದರಡಿ ಕಾಫಿ. ಆಕಾಶದಿಂದ ನೋಡಿದರೆ ಕಾಣುವುದು ಬರೀ ಹಸಿರು ಕೊಡೆ. ನೂರು ವರ್ಷದ ತೋಟವನ್ನೂ ಅದು ಕಾಡು ಅಂತಲೇ ಎಣಿಸಬಹುದು. ನೀವು ಮಳೆಗಾಲಕ್ಕೆ ಮೊದಲು ಮರಗಸಿ ಮಾಡಿಸಿದಾಗ, ಇಲ್ಲವೆ ಬೆಳೆದ ಸಿಲ್ವರ್ ಓಕ್ ಕಡಿಸಿ ಮಾರಿದಾಗ, ಅದೇ ಚಿತ್ರದಲ್ಲಿ ಒಂದು ಬೋಳು ಕಾಣುತ್ತದೆ. ನೋಡಿದವನು “ಕಾಡು ಕಡಿದರು” ಅಂದುಬಿಡಬಹುದು.

ಕಾನೂನು ಮಾತ್ರ ಹಾಗೆ ಹೇಳುವುದಿಲ್ಲ. ಬೇಸಾಯಕ್ಕೆ ಬಳಕೆಯಾಗುತ್ತಿರುವ ನೆಲದಲ್ಲಿ ಎಷ್ಟೇ ಮರವಿದ್ದರೂ ಅದು ಕಾಡಲ್ಲ, ಮರದ ನೆರಳಿನ ಬೇಸಾಯವೂ ಬೇಸಾಯವೇ ಎಂದು ಅದರಲ್ಲಿ ಸ್ಪಷ್ಟವಾಗಿದೆ. ಆದಕಾರಣ ಹಳೆಯ ತೋಟದಲ್ಲಿ ಮರಗಸಿ ಮಾಡಿದ್ದು ತಪ್ಪಾಗುವುದಿಲ್ಲ. ಆದರೆ ಅದು ಹಳೆಯ ತೋಟವೇ ಅಂತ ತೋರಿಸುವ ಭಾರ ನಮ್ಮ ಮೇಲಿದೆ. ತೋರಿಸುವುದಕ್ಕೆ ಬೇಕಾದ ಕಾಗದ ಬಹುಪಾಲು ನಿಮ್ಮ ಮನೆಯ ಪೆಟ್ಟಿಗೆಯಲ್ಲೇ ಇದೆ. ಕಾಫಿ ಮಂಡಳಿಯ ಹಳೆಯ ನೋಂದಣಿ ಪತ್ರ, 2020ಕ್ಕೆ ಮುಂಚಿನ ಮಾರಾಟದ ಬಿಲ್ಲುಗಳು, ಕ್ಯೂರಿಂಗಿನವರು ಕೊಟ್ಟ ಚೀಟಿಗಳು. ಪಹಣಿಯ ಬೆಳೆ ಕಾಲಮ್ಮಿನಲ್ಲಿ ಆ ವರ್ಷಗಳಲ್ಲಿ ಕಾಫಿ ಎಂದು ದಾಖಲಾಗಿದೆಯೇ ಎಂಬುದನ್ನೂ ನೋಡಿಸಿ. ಹಳೆಯ ಬಿಲ್ಲನ್ನು ಒಲೆಗೆ ಹಾಕುವ ಮೊದಲು ಇದು ನೆನಪಿರಲಿ. ಮರಗಸಿ ಮಾಡಿಸಿದ ದಿನ, ಕಡಿದ ಮರಗಳ ಸಂಖ್ಯೆ, ಅದಕ್ಕೆ ಪಡೆದ ಅನುಮತಿ ಇವನ್ನು ಒಂದು ಪುಸ್ತಕದಲ್ಲಿ ಬರೆದಿಡಿ.

ಇನ್ನು ತೂಕ. ನನ್ನ ಮಟ್ಟಿಗೆ ಜಾಗಕ್ಕಿಂತ ಇದೇ ಹೆಚ್ಚಿನದು, ಇದರ ಬಗ್ಗೆಯೇ ನಮ್ಮಲ್ಲಿ ಮಾತು ಕಡಿಮೆ.

ಒಂದು ಉದಾಹರಣೆ ಇಟ್ಟುಕೊಳ್ಳೋಣ. ಮೇಲಿನ ಮನೆಯವರಿಗೆ ಮೂರು ಎಕರೆ ರೋಬಸ್ಟಾ, ಅಜ್ಜನ ಕಾಲದ ತೋಟ. ಬಿಂದು ಹಾಕಿಸಿದ್ದಾರೆ. ಕೆಳಗಿನ ಮನೆಯವರಿಗೆ ಎರಡೂವರೆ ಎಕರೆ. ಅದರಲ್ಲಿ ಒಂದೂವರೆ ಎಕರೆ ಹಳೆಯದು, ಒಂದು ಎಕರೆ ಕಾಡಿಗೆ ತಾಗಿದ ಗುಡ್ಡದ ಅಂಚು. ಅಲ್ಲಿಯ ಮರ ತೆಗೆದು 2022ರಲ್ಲಿ ಗಿಡ ಇಟ್ಟರು, ಈಗ ಫಸಲು ಶುರುವಾಗಿದೆ. ಬಿಂದು ಹಾಕಿಸುವುದಕ್ಕೆ ಅವರಿಗೆ ಅಳುಕು. ಒಂದು ಸಂಜೆ ಬಂದು, “ಅಣ್ಣಾ, ನನ್ನ ಮೂವತ್ತು ಮೂಟೆಯನ್ನೂ ನಿಮ್ಮ ಹೆಸರಲ್ಲೇ ಹಾಕಿಬಿಡಿ, ದುಡ್ಡು ಆಮೇಲೆ ಕೊಟ್ಟರಾಯಿತು” ಅನ್ನುತ್ತಾರೆ. ನೆರೆಹೊರೆ, ಕಷ್ಟಸುಖಕ್ಕೆ ಆಗುವವರು. ಇಲ್ಲ ಅನ್ನುವುದು ಹೇಗೆ? ಮೇಲಿನ ಮನೆಯವರು ಹ್ಞೂಂ ಅನ್ನುತ್ತಾರೆ.

ಈಗ ಲೆಕ್ಕ ಮಾಡಿ. ನಮ್ಮ ದೇಶದಲ್ಲಿ ಕಾಫಿಯ ಸರಾಸರಿ ಇಳುವರಿ ಹೆಕ್ಟೇರಿಗೆ ಸುಮಾರು 800 ಕಿಲೋ ಹಸಿರು ಬೀಜ. ಮೂರು ಎಕರೆ ಅಂದರೆ ಹೆಕ್ಟೇರು ಒಂದೂಕಾಲಿಗೆ ಸ್ವಲ್ಪ ಕಡಿಮೆ. ಸಾವಿರ ಕಿಲೋ ಬೀಜ ಅನ್ನೋಣ. ಒಣಗಿಸಿದ ರೋಬಸ್ಟಾ ಚೆರಿಯನ್ನು ಸಿಪ್ಪೆ ತೆಗೆದಾಗ ಸುಮಾರು ಅರ್ಧ ತೂಕದ ಬೀಜ ಸಿಗುತ್ತದೆ. ಹಾಗಾಗಿ ಎರಡು ಸಾವಿರ ಕಿಲೋ ಚೆರಿ, ಅಂದರೆ 50 ಕಿಲೋದ ನಲವತ್ತು ಮೂಟೆ. ಬೇಸಿಗೆಯಲ್ಲಿ ಹೂವಿಗೆ ನೀರು ಕೊಟ್ಟು, ಗೊಬ್ಬರ ಸರಿಯಾಗಿ ಹಾಕಿದವರಿಗೆ ಇನ್ನೂ ಹೆಚ್ಚು ಬಂದೀತು. ಅವರಿಗೆ ಐವತ್ತು ಬಂದಿದೆ ಅನ್ನಿ. ಅದಕ್ಕೆ ಕೆಳಗಿನ ಮನೆಯ ಮೂವತ್ತು ಸೇರಿ ಎಂಬತ್ತು. ಕಾಗದದ ಮೇಲೆ ಮೂರು ಎಕರೆಯಿಂದ ಎಂಬತ್ತು ಮೂಟೆ! ಮುಂದಿನ ವರ್ಷ ಕೆಳಗಿನ ಮನೆಯವರು ಬೇರೆ ಏರ್ಪಾಟು ಮಾಡಿಕೊಂಡರೆ ಅದೇ ಮೂರು ಎಕರೆಯಿಂದ ನಲವತ್ತೈದು. ಯಾವ ಕಂಪ್ಯೂಟರೂ ಬೇಡ, ಕ್ಯೂರಿಂಗಿನ ಗುಮಾಸ್ತ ಎರಡು ಸಾಲು ನೋಡಿದರೆ ಸಾಕು, ಹುಳುಕು ಗೊತ್ತಾಗುತ್ತದೆ.

ಗೊತ್ತಾದರೆ ಆಗುವುದೇನು? ಇಲ್ಲಿಯೇ ಈ ಕಾನೂನಿನ ಬಿಗಿ ಇರುವುದು. ಬೇರೆ ಕೆಲವು ಮುದ್ರೆಗಳ ವ್ಯವಹಾರದಲ್ಲಿ, ನೂರು ಮೂಟೆ ಶುದ್ಧ ಸರಕಿಗೆ ಐವತ್ತು ಮೂಟೆ ಬೇರೆಯದು ಬೆರೆತರೂ, ನೂರು ಮೂಟೆಗೆ ಮಾತ್ರ ಮುದ್ರೆ ಎಂದು ಲೆಕ್ಕ ಸರಿದೂಗಿಸುವ ಪದ್ಧತಿಯುಂಟು. ಇಲ್ಲಿ ಅದು ನಡೆಯುವುದಿಲ್ಲ. ಮೂಲ ತಿಳಿಯದ ಕಾಫಿ ಬೆರೆತರೆ ಬೆರೆತ ರಾಶಿಯೇ ಹೋಯಿತು. ಹಾಲಿಗೆ ಹುಳಿ ಬಿದ್ದ ಹಾಗೆ. ಕೆಳಗಿನ ಮನೆಯ ಒಂದು ಎಕರೆಯ ಹತ್ತು ಹನ್ನೆರಡು ಮೂಟೆಯಿಂದ ಮೇಲಿನ ಮನೆಯ ಐವತ್ತು ಮೂಟೆಯೂ, ಅದೇ ಲಾರಿಯಲ್ಲಿ ಹೋದ ಊರಿನ ಉಳಿದವರ ಕಾಫಿಯೂ ಅನುಮಾನಕ್ಕೆ ಒಳಗಾಗುತ್ತದೆ. ಸರಕು ತರಿಸಿದ ಕಂಪನಿಗೆ ದಂಡ ಬೀಳಬಹುದು. ಆ ಕಂಪನಿ ಮುಂದಿನ ವರ್ಷ ಏನು ಮಾಡುತ್ತದೆ? ಆ ಊರಿನ ಕಡೆ ತಲೆ ಹಾಕುವುದಿಲ್ಲ.

ಹಾಗಾದರೆ ಕೆಳಗಿನ ಮನೆಯವರು ಮಾಡಬೇಕಾದ್ದು? ಅವರ ಒಂದೂವರೆ ಎಕರೆಗೆ ಯಾವ ದೋಷವೂ ಇಲ್ಲ. ಅದಕ್ಕೆ ಅವರ ಹೆಸರಿನಲ್ಲೇ ಬಿಂದು ಹಾಕಿಸಲಿ. ಗುಡ್ಡದ ಅಂಚಿನ ಹಣ್ಣನ್ನು ಬೇರೆ ಕುಯ್ದು, ಬೇರೆ ಒಣಗಿಸಿ, ಬೇರೆ ಮೂಟೆ ಕಟ್ಟಿ, ಹೊರದೇಶಕ್ಕೆ ಹೋಗದ ಲೆಕ್ಕದಲ್ಲಿ ಇಲ್ಲಿಯೇ ಮಾರಲಿ. ಬೆಲೆ ಒಂದಷ್ಟು ಕಡಿಮೆ ಸಿಕ್ಕೀತು. ಆ ಜಾಗ ಯಾರದು, ಮರ ತೆಗೆದದ್ದು ನಮ್ಮ ಕಾನೂನಿಗೆ ಸರಿಯೇ ಎಂಬುದು ಬೇರೆ ಪ್ರಶ್ನೆ, ಅದನ್ನು ಕಂದಾಯ ಮತ್ತು ಅರಣ್ಯ ಇಲಾಖೆಯವರಲ್ಲಿ ತೀರಿಸಿಕೊಳ್ಳಬೇಕು. ಅಂದಹಾಗೆ, ಗದ್ದೆಯನ್ನೋ ಹುಲ್ಲುಗಾವಲನ್ನೋ ತೋಟ ಮಾಡಿದ್ದರೆ ಅದು ಕಾಡು ಕಡಿದದ್ದಾಗುವುದಿಲ್ಲ. ಹೊಸ ತೋಟ ಅಂದ ಮಾತ್ರಕ್ಕೆ ಹೆದರಬೇಕಾಗಿಲ್ಲ.

ತೂಕದ ಲೆಕ್ಕ ತಪ್ಪಿದರೆ ಎಷ್ಟು ದೂರ ಪೆಟ್ಟು ಬೀಳುತ್ತದೆ ಎಂಬುದಕ್ಕೆ ಹತ್ತಿಯವರನ್ನು ನೋಡಿ. 2020ರಲ್ಲಿ ಸಾವಯವ ಬಟ್ಟೆಗೆ ಮುದ್ರೆ ಕೊಡುವ ಗಾಟ್ಸ್ ಎಂಬ ಅಂತಾರಾಷ್ಟ್ರೀಯ ಸಂಸ್ಥೆ, ಭಾರತದ ಸುಮಾರು 20,000 ಟನ್ ಹತ್ತಿಗೆ ಸುಳ್ಳು ಪ್ರಮಾಣಪತ್ರ ಹುಟ್ಟಿಸಿರುವುದನ್ನು ಪತ್ತೆಮಾಡಿ 11 ಕಂಪನಿಗಳನ್ನು ಹೊರಗಿಟ್ಟಿತು. ಸುಳ್ಳು ಪತ್ರ ಹುಟ್ಟಿದ್ದು ಕಾಗದದ ವ್ಯವಹಾರದಲ್ಲಿ, ಹೊಲದಲ್ಲಿ ಅಲ್ಲ. ಆದರೆ ಆಮೇಲೆ ಕೊಳ್ಳುವವರು ಅನುಮಾನದಿಂದ ನೋಡಿದ್ದು ವಿಷ ಹೊಡೆಯದೆ ನಿಜವಾಗಿ ಬೆಳೆದ ರೈತನ ಹತ್ತಿಯನ್ನೂ ಸೇರಿಸಿಯೇ.

ನಮ್ಮ ಪಾಲಿಗೆ ಒಂದು ಅನುಕೂಲವಿದೆ. 2025ರ ಮೇ ತಿಂಗಳಲ್ಲಿ ಯೂರೋಪಿನವರು ಭಾರತವನ್ನು ಕಡಿಮೆ ಅಪಾಯದ ದೇಶಗಳ ಪಟ್ಟಿಗೆ ಸೇರಿಸಿದರು. ಇಂಥ ದೇಶದಿಂದ ಸರಕು ತರಿಸುವವರಲ್ಲಿ ವರ್ಷಕ್ಕೆ ನೂರಕ್ಕೆ ಒಬ್ಬರನ್ನು ತಪಾಸಣೆ ಮಾಡಿದರೆ ಸಾಕು. ಹೆಚ್ಚು ಅಪಾಯದ ಪಟ್ಟಿಯವರಿಗಾದರೆ ನೂರಕ್ಕೆ 9. ಆದ್ದರಿಂದ ಇನ್ನು ಬಿಂದುವೇ ಬೇಡ ಅಂತ ಕೆಲವರು ಹಬ್ಬಿಸಿದ್ದಾರೆ. ಅದು ಸರಿಯಲ್ಲ. ಯೂರೋಪಿನ ಕಂಪನಿ ತಾನು ತರಿಸುವ ಕಾಫಿ ಎಲ್ಲಿ ಬೆಳೆದದ್ದು ಎಂಬ ವಿವರವನ್ನು ಆಗಲೂ ಇಟ್ಟುಕೊಂಡಿರಬೇಕು. ಬೆರಕೆಯ ಅನುಮಾನ ಬಂದರೆ ಆ ರಿಯಾಯಿತಿಯೂ ನಿಲ್ಲುತ್ತದೆ.

ಈಗ ತಾಯಂದಿರಿಗೆ ಒಂದು ಮಾತು. ಕುಯ್ಲಿನ ದಿನಗಳಲ್ಲಿ ಸಂಜೆ ಹಣ್ಣಿನ ತೂಕ ಹಾಕಿ, ಯಾರು ಎಷ್ಟು ಕಿಲೋ ಕುಯ್ದರು ಅಂತ ಬರೆದುಕೊಳ್ಳುವ ಕೆಲಸ ಅನೇಕ ಮನೆಗಳಲ್ಲಿ ನಿಮ್ಮದೇ. ಕೂಲಿ ಕೊಡುವುದಕ್ಕೆಂದು ಬರೆಯುವ ಆ ಪುಸ್ತಕವೇ ತೋಟದ ಇಳುವರಿಯ ಮೊದಲ ದಾಖಲೆ. ಯಾವ ತುಂಡಿನಲ್ಲಿ ಕುಯ್ದದ್ದು ಅನ್ನುವುದಕ್ಕೆ ಒಂದು ಗೆರೆ ಹೆಚ್ಚು ಎಳೆದು ಬರೆದರೆ ಸಾಕು. ಐದಾರು ಕಿಲೋ ಹಣ್ಣಿಗೆ ಒಂದು ಕಿಲೋ ಹಸಿರು ಬೀಜ. ಈ ಲೆಕ್ಕದಲ್ಲಿ ಸಂಜೆಯ ತೂಕ, ಕಣದ ಮೂಟೆ, ಮಾರಾಟದ ಬಿಲ್ಲು ಮೂರೂ ಹೆಚ್ಚುಕಡಿಮೆ ಒಂದಕ್ಕೊಂದು ಕೂಡಿಬಂದರೆ ನಿಮ್ಮ ಕಾಫಿಗೆ ಅದಕ್ಕಿಂತ ದೊಡ್ಡ ಸಾಕ್ಷಿ ಬೇಡ.

ಅದೇ ಪುಸ್ತಕ ಇನ್ನೊಂದಕ್ಕೂ ಸಾಕ್ಷಿ. ಈಗ ಕುಯ್ಲಿಗೆ ಅಸ್ಸಾಮಿನಿಂದಲೂ ಬೇರೆ ರಾಜ್ಯಗಳಿಂದಲೂ ಜನ ಸಂಸಾರ ಸಮೇತ ಬರುತ್ತಾರೆ. ಕಿಲೋ ಲೆಕ್ಕದ ಕೂಲಿಯಾದರೆ ಚೀಲ ಬೇಗ ತುಂಬಲಿ ಅಂತ ಮಕ್ಕಳೂ ಗಿಡಕ್ಕೆ ಕೈಹಾಕುತ್ತವೆ. ಹದಿನಾಲ್ಕು ವರ್ಷದೊಳಗಿನ ಮಕ್ಕಳನ್ನು ಕೂಲಿ ಕೆಲಸಕ್ಕೆ ಹಚ್ಚುವುದು ನಮ್ಮ ದೇಶದ ಕಾನೂನಿನಲ್ಲಿಯೇ ಅಪರಾಧ. “ನಾವು ಮಕ್ಕಳನ್ನು ಕರೆದಿಲ್ಲ, ಅವೇ ಬಂದವು” ಅನ್ನುವ ಉತ್ತರ ಕೇಳಿದ್ದೇನೆ. ಅದು ಯಾರ ಮುಂದೂ ನಿಲ್ಲುವುದಿಲ್ಲ. ಹತ್ತಿರದ ಅಂಗನವಾಡಿಯಲ್ಲೋ ಶಾಲೆಯಲ್ಲೋ ಮೊದಲೇ ಮಾತಾಡಿಕೊಳ್ಳಿ. ಲೈನಿನ ಮನೆಗಳಲ್ಲಿ ನೀರು, ಪಾಯಿಖಾನೆ ಸರಿಯಿರಲಿ. ಮೇಸ್ತ್ರಿಯ ಕೈಗೆ ಒಟ್ಟು ದುಡ್ಡು ಕೊಟ್ಟು ಸುಮ್ಮನಾಗುವುದಕ್ಕಿಂತ, ಕುಯ್ದವರ ಹೆಸರು ಹಿಡಿದು ಕೊಟ್ಟು ಸಹಿ ಮಾಡಿಸಿಕೊಳ್ಳುವುದು ಒಳ್ಳೆಯದು. ಮುದ್ರೆ ಕೊಡುವ ಸಂಸ್ಥೆಗಳ ತಪಾಸಣೆಯವರು ಬಂದಾಗ ಕೂಲಿಯವರನ್ನು ಬೇರೆ ಕರೆದು ಮಾತಾಡಿಸುತ್ತಾರೆ, ಪುಸ್ತಕವನ್ನು ಅವರ ಮಾತಿನ ಜೊತೆ ಇಟ್ಟು ನೋಡುತ್ತಾರೆ.

ಮುದ್ರೆ ಅಂದೆನಲ್ಲ. ರೇನ್‌ಫಾರೆಸ್ಟ್ ಅಲಯನ್ಸ್, ಫೇರ್‌ಟ್ರೇಡ್ ಮುಂತಾದವು ನಾವಾಗಿ ಸೇರುವಂಥವು, ಕಾನೂನಲ್ಲ. ಸಣ್ಣ ಬೆಳೆಗಾರರು ಗುಂಪಾಗಿ ಸೇರುವುದುಂಟು. ಗುಂಪಿನವರೇ ನೇಮಿಸಿಕೊಂಡವರು ಎಲ್ಲ ತೋಟ ನೋಡುತ್ತಾರೆ, ಹೊರಗಿನ ತಪಾಸಣೆಯವರು ಕೆಲವನ್ನು ಆರಿಸಿ ನೋಡುತ್ತಾರೆ. ಒಬ್ಬರ ತಪ್ಪು ಇಡೀ ಗುಂಪಿಗೆ ತಗಲುತ್ತದೆ. ಸೇರುವ ಮೊದಲು ಪ್ರಮಾಣಪತ್ರ ಯಾರ ಹೆಸರಿನಲ್ಲಿರುತ್ತದೆ ಅಂತ ಕೇಳಿ. ಎಷ್ಟೋ ಕಡೆ ಅದು ಕೊಳ್ಳುವ ಕಂಪನಿಯ ಹೆಸರಿನಲ್ಲಿರುತ್ತದೆ. ಹಾಗಿದ್ದರೆ ಆ ಮುದ್ರೆ ತೋರಿಸಿ ನೀವು ಬೇರೆಯವರಿಗೆ ಮಾರಲಾರಿರಿ. ಮೂಟೆಗೆ ಎಷ್ಟು ಹೆಚ್ಚು ಕೊಡುತ್ತಾರೆ, ಯಾವಾಗ ಕೊಡುತ್ತಾರೆ ಎಂಬುದನ್ನು ಬರಹದಲ್ಲಿ ಪಡೆಯಿರಿ. ಇನ್ನು ಯೂರೋಪಿನ ಕಾನೂನಿಗೆ ಬಿಂದು ಕೊಟ್ಟ ಮಾತ್ರಕ್ಕೆ ಹೆಚ್ಚಿನ ಬೆಲೆ ಕೊಡಲೇಬೇಕು ಅಂತ ಎಲ್ಲಿಯೂ ಇಲ್ಲ. ಯಾರಾದರೂ ಹಾಗೆ ಆಸೆ ತೋರಿಸಿದರೆ ನಂಬಬೇಡಿ. ಕೊಡದಿದ್ದರೆ ಗಿರಾಕಿ ಕಡಿಮೆಯಾಗುತ್ತಾರೆ, ವಿಷಯ ಇಷ್ಟೇ.

ಜಮೀನು ಹೋಗುತ್ತದೆಯೇ ಅನ್ನುವ ಭಯಕ್ಕೆ ಉತ್ತರ ಹೇಳಿಬಿಡುತ್ತೇನೆ. ಫೋನಿನ ಬಿಂದು ಹಕ್ಕುಪತ್ರವಲ್ಲ. ಅದರಿಂದ ಹಕ್ಕು ಬರುವುದೂ ಇಲ್ಲ, ಹೋಗುವುದೂ ಇಲ್ಲ. ಆದರೆ ಆ ನೆಲದಲ್ಲಿ ಬೆಳೆಯುವ ಹಕ್ಕು ಇದೆಯೇ ಅಂತ ಕಾನೂನು ಕೇಳುವುದರಿಂದ, ಅಜ್ಜನ ಹೆಸರಿನಲ್ಲೇ ಉಳಿದ ಪಹಣಿಗೆ ಪೌತಿ ಖಾತೆ ಮಾಡಿಸಿಕೊಳ್ಳುವುದನ್ನು ಇನ್ನು ತಡಮಾಡಬೇಡಿ. ಬಿಂದು ಹಾಕಿಸುವುದಕ್ಕೆ ಕಾಫಿ ಮಂಡಳಿಯು ತನ್ನದೇ ಆ್ಯಪ್ ಮಾಡಿದೆ. ಹತ್ತಿರದ ಮಂಡಳಿ ಕಚೇರಿಯಲ್ಲಿ ವಿಚಾರಿಸಿ. ವ್ಯಾಪಾರಿಯ ಕಡೆಯವರೇ ಬಂದು ಹಾಕಿದರೆ ಅದರ ಒಂದು ಪ್ರತಿ ನಿಮ್ಮ ಕೈಗೆ ಬರಲೇಬೇಕು. ಖಾಲಿ ಹಾಳೆಗೆ ಸಹಿ ಬೇಡ, ಫೋನಿಗೆ ಬಂದ ಸಂಖ್ಯೆಯನ್ನು ಯಾರಿಗೂ ಓದಿ ಹೇಳುವುದೂ ಬೇಡ.

ಕೊನೆಗೆ ಹಕ್ಕಲು ಕಾಫಿಯ ಮಾತು. ಕುಯ್ಲಾದ ಮೇಲೆ ಗಿಡದಡಿ ಉದುರಿದ್ದನ್ನು ಆಯ್ದು, ಸೇರು ಲೆಕ್ಕದಲ್ಲಿ ಊರ ಅಂಗಡಿಗೆ ಹಾಕುವುದು ಮೊದಲಿನಿಂದ ಇದೆ. ಬೆಲೆ ಏರಿದ ಮೇಲೆ ಕಣದಿಂದ, ಗಿಡದಿಂದ ಕದ್ದದ್ದೂ ಹಕ್ಕಲು ಎಂಬ ಹೆಸರಿನಲ್ಲಿ ಅದೇ ಅಂಗಡಿಗೆ ಬರುತ್ತಿದೆ. ಆ ಚೀಲಕ್ಕೆ ತೋಟವೂ ಇಲ್ಲ, ಬಿಂದುವೂ ಇಲ್ಲ. ನಿಮ್ಮ ತೋಟದ ಹಕ್ಕಲನ್ನು ನೀವೇ ಆಯ್ಸಿ, ಆಯ್ದವರಿಗೆ ಕೂಲಿ ಕೊಟ್ಟು, ನಿಮ್ಮ ಪುಸ್ತಕದಲ್ಲಿಯೇ ತೂಕ ಬರೆದು ನಿಮ್ಮ ಮೂಟೆಗೇ ಸೇರಿಸಿ. ಕಾಯಿಕೊರಕದ ಹುಳುವನ್ನು ಹತೋಟಿಗೆ ತರುವುದಕ್ಕೂ ನೆಲದ ಹಣ್ಣು ಬಿಡದೆ ಆಯುವುದೇ ದಾರಿ. ಆಯ್ದ ಹಣ್ಣಿನಲ್ಲಿ ಹುಳು ಕಂಡರೆ ಒಂದೆರಡು ನಿಮಿಷ ಕುದಿಯುವ ನೀರಿನಲ್ಲಿ ಅದ್ದಿ, ಆಮೇಲೆ ಕಣಕ್ಕೆ ಹರಡಿ.